ಉತ್ತರದ ಕಿಟಕಿ

ನಾರ್ವೆಯಿಂದ ಬಂದ ಕಾಗದ
ನಗರಸಭೆಯ ಕಪಾಟಿನಲ್ಲಿ ಮೂರು ತಿಂಗಳು ಮಲಗಿ
ಓವರ್‌ಸಿಯರ್ ಎಂಬ ತಪ್ಪಿಗೆ ನನ್ನ ಮೇಜಿಗೆ ಬಂತು.
ಐವಾರ್ ಸೊಲ್ಬಕ್ಕೆನ್, ವಾಸ್ತುಶಿಲ್ಪಿ.
ಕಟ್ಟಿದ್ದು ಎರಡು ಇಗರ್ಜಿ, ಒಂದು ಶಾಲೆ,
ದೀಪಸ್ತಂಭ ಕಾಯುವವನಿಗೊಂದು ಮನೆ,
ಮತ್ತೆ ನಿಮ್ಮ ಕಾಸರಗೋಡಿನ ಕಡಲ ಬದಿ
ಮಂಜುಗಡ್ಡೆಗೊಂದು ಕೋಣೆ.
ಅದು ಈಗ ಇಲ್ಲವೆಂದು ಪುಸ್ತಕದಲ್ಲಿ ಬರೆಯಬಹುದೇ?
ದಯವಿಟ್ಟು ಉತ್ತರಿಸಿ.

ಕಡಪ್ಪುರದಲ್ಲಿ ಯಾರಿಗೂ ಐವಾರ್ ಗೊತ್ತಿಲ್ಲ.
'ಐಸ್ ದೊರೆಯೋ? ಹಾಗೆ ಕೇಳಿ ಮಾರಾಯ್ತಿ'
ಎಂದ ಅಂಬಾಡಿ, ಬಲೆಯ ಹರಕಿನಿಂದ ತಲೆ ಎತ್ತದೆ.
ಟೇಪಿನ ಈ ತುದಿ ಹಿಡಿದವನು ನಾನು, ಎಂಟು ವರ್ಷ.
ಆ ತುದಿಯಲ್ಲಿ ಅವನು, ಬೆನ್ನೆಲ್ಲ ಸುಲಿದು ಬೀಟ್‌ರೂಟು.

ಮೊದಲ ನಕ್ಷೆಯಲ್ಲಿ ಮಾಡು ಕೈಮುಗಿದ ಹಾಗೆ ಕಡಿದು.
ಇಷ್ಟು ಇಳಿಜಾರು ಯಾಕೆ ಅಂತ ಚಿರುಕಂಡ ಮೇಸ್ತ್ರಿ.
ಹಿಮ ಜಾರಲಿಕ್ಕೆ, ಅಂದ.
ಅಂದವನೇ ಸುಮ್ಮನಾದ.
ಆಮೇಲೆ ತುಂಬ ಹೊತ್ತು ರಬ್ಬರಿನಿಂದ ಉಜ್ಜಿದ.

ಮೂರು ದಿನ ಕೆಂಪುಕಲ್ಲಿನ ಪಣೆಯಲ್ಲಿ ಕೂತ.
ಬೆಣ್ಣೆಯ ಹಾಗೆ ಕೊಡಲಿಗೆ ಬರುವ ಕಲ್ಲು
ಗಾಳಿ ಕಂಡ ಮೇಲೆ ಗಟ್ಟಿಯಾಗುತ್ತದಲ್ಲ,
ಅದನ್ನು ದಿನಾ ಬೆರಳಿನಿಂದ ಒತ್ತಿ ನೋಡುವುದು.
ಗೋಡೆ ಎರಡು, ನಡುವೆ ಭತ್ತದ ಉಮಿ.
ಹಸುಗೂಸಿಗೆ ಸುತ್ತಿದ ಹಾಗೆ ಸುತ್ತಿದ, ಇನ್ನೂ ಹುಟ್ಟದ ಚಳಿಗೆ.
ಅಪ್ಪ ದೋಣಿ ಕಟ್ಟುವವನಂತೆ ಅವನಿಗೆ.
ದೋಣಿ ಹೊಲಿಯುವ ನಮ್ಮವರನ್ನೇ ಕರೆದು ಮಾಡು ಹೊಲಿಸಿದ,
ಒಂದೂ ಮೊಳೆಯಿಲ್ಲ, ಎಲ್ಲ ಹುರಿಹಗ್ಗ.
ಒಳಗೆ ಮಲಗಿದರೆ ಮಗುಚಿದ ದೋಣಿಯ ಕೆಳಗೆ ನೀವು.

ಮೊದಲ ಗಡ್ಡೆ ಬಂದ ದಿನ
ಅದಕ್ಕೆ ಕೆನ್ನೆ ಒತ್ತಿ ನಿಂತ.
ನಾವು ನಕ್ಕೆವು.
ಅವನು ನಗಲಿಲ್ಲ.

ಈಗ ಐಸು ಮಂಗಳೂರಿನಿಂದ ಲಾರಿಯಲ್ಲಿ ಬರುತ್ತದೆ.
ಕೋಣೆಯಲ್ಲಿ ಹರಿದ ಬಲೆ, ಕೇರಂ ಬೋರ್ಡು,
ಮರಿ ಹಾಕಿದ ಬೆಕ್ಕು.
ಏಪ್ರಿಲಿನ ನಡುಹಗಲಲ್ಲೂ ಕಾಲಿಗೆ ತಂಪು.
ಒಂದೇ ಕಿಟಕಿ, ಉತ್ತರಕ್ಕೆ.
ಬಿಸಿಲು ಬೀಳದಿರಲಿ ಅಂತ, ಅಂದೆ ನಾನು.
ಅವನ ಊರು ಆ ಕಡೆ, ಅಂದ ಅಂಬಾಡಿ.
ಇಣುಕಿದೆ. ಒಣಹಾಕಿದ ಲುಂಗಿ,
ಮೊಗ್ರಾಲಿನತ್ತ ಹೋಗುವ ಒಂದು ಆಟೋ,
ಆಮೇಲೆ ಬರೀ ಬಿಳಿ ಮಬ್ಬು.

ಹೊರಗೆ ಬಂದು ಟೇಪು ಬಿಚ್ಚಿದೆ.
ಆ ತುದಿಯನ್ನು ಕೇಳದೆಯೇ ಹಿಡಿದ ಮುದುಕ.
ಕಡಲಿಗೆ ಹನ್ನೊಂದು ಮೀಟರು.
ಹೋದ ವರ್ಷದ ಕಡತದಲ್ಲಿ ಹತ್ತೊಂಬತ್ತು.

'ಮಾನ್ಯರೇ, ಉಂಟು' ಎಂದು ಬರೆದಿದ್ದೇನೆ.
ಮುಂದಿನ ಸಾಲು ಬರುತ್ತಿಲ್ಲ.
ಬೇಗ ಬನ್ನಿ ಎಂದು ಸರ್ಕಾರಿ ಕಾಗದದಲ್ಲಿ ಬರೆಯುವುದು ಹೇಗೆ?
ಕಿವಿಯಲ್ಲಿ ಅದೇ ಸದ್ದು.
ಎರಡು ಗೋಡೆಗಳ ನಡುವೆ
ಉಮಿ ಸ್ವಲ್ಪ ಸ್ವಲ್ಪವೇ ಜಾರುವುದು.