ಕಂಟಿನ್ಯೂಟಿ

ಅಕ್ಕಲಕೋಟದ ಎಸ್‌ಟಿ ಸ್ಟ್ಯಾಂಡಿನ ಹಿಂದೆ ಎರಡೇ ಖೋಲಿ.
ಟ್ರೈಪಾಡಿಗೆ ಜಾಗ ಬೇಕೆಂದು
ಜೋಳದ ಡಬ್ಬಿ ಹೊರಗಿಟ್ಟೆ.

ಅಪ್ಪ ಚಾ ಸೋಸಿದ, ಬಸಿಗೆ ಸುರಿದು ಕುಡಿದ.
ಫೋಕಸ್ ತಪ್ಪಿತ್ತು. ಇನ್ನೊಮ್ಮೆ ಅಂದೆ.
ಮತ್ತೆ ಸೋಸಿದ. ಆರಿದ್ದನ್ನೂ ಊದಿ ಊದಿ ಕುಡಿದ.
ಮೂವತ್ತೊಂದು ವರ್ಷ ಒಂದೇ ರೂಟಿನ ಕಂಡಕ್ಟರು,
ಬಂದ ದಾರಿಗೇ ತಿರುಗುವುದು ಅವನಿಗೆ ಹೊಸದಲ್ಲ.

"ಅಂಗಿ ಬದಲಿಸಬ್ಯಾಡಪಾ, ನಾಳೆಗೂ ಇದೇ ಬೇಕು."
ಹೂಂ ಅಂದ.
ಕಿತ್ತುಹೋದ ಗುಂಡಿಯನ್ನೂ ಹಾಗೇ ಬಿಟ್ಟ.

ಈಗ ಒಳಖೋಲಿಯಲ್ಲಿ ಎಡಿಟಿಂಗು.
ಕಿವಿಯ ಹೆಡ್‌ಫೋನು ಕಿತ್ತು ಅವ್ವ ಅನ್ನುತ್ತಾಳೆ:
"ಹನ್ನೊಂದು ದಿನಾ ಆತು,
ನಿಮ್ಮಪ್ಪ ಅಂಗಿ ಒಗ್ಯಾಕ ಕೊಡವಲ್ರು.
ಕಾಲರ್ ನೋಡು, ಕರ್ರಗಾಗೇದ.
ಬಿಚ್ಚರಿ ಅಂದ್ರ,
'ತಡಿ, ಆಕಿ ಇನ್ನಾ ಡಬಲ್ ಬೆಲ್ ಹೊಡದಿಲ್ಲ'
ಅಂತಾರ."