ಒಂದು ಹಿಡಿ

ಪಾಠಯೋಜನೆಯ ಎಡಗಡೆ ಕಾಲಮ್ಮಿನಲ್ಲಿ
ಕೆಂಪು ಶಾಯಿಯಲ್ಲಿ ಬರೆದಿದ್ದೆ:
ಗೊತ್ತಿದ್ದುದರಿಂದ ಗೊತ್ತಿಲ್ಲದ್ದಕ್ಕೆ.
ಗೊತ್ತಿದ್ದದ್ದು ಎಂದು ಚಪಾತಿ ಬಿಡಿಸಿದ್ದೆ
ಡ್ರಾಯಿಂಗ್ ಶೀಟಿನಲ್ಲಿ, ನಾಲ್ಕು ಸಮ ತುಂಡು.

ಮಾಜಾಳಿಯ ಐದನೇ ಇಯತ್ತೆ ಸುಮ್ಮನಿತ್ತು.
ಹಿಂದಿನ ಬೆಂಚಲ್ಲಿ ವೀಕ್ಷಕರು ಪೆನ್ನು ಬಿಚ್ಚಿದರು.
"ನಮ್ಮಲ್ಲಿ ಅನ್ನ, ಅಕ್ಕೋರೇ," ಅಂದಳು ಸುಗಂಧಾ ಖಾರ್ವಿ,
"ಚಪಾತಿ ಮಾಡಿದ್ರೂ ಅಳೆದು ಹರೀತಾರಾ ಯಾರಾದ್ರೂ?"

ಹಾಳೆ ಮಡಚಿಟ್ಟೆ.
"ಬಲೆಗೆ ಬಿದ್ದದ್ದನ್ನ ಹೇಗೆ ಹಂಚ್ತೀರಿ?"
ಆಮೇಲೆ ನನಗೆ ಕೆಲಸವಿರಲಿಲ್ಲ.
ಅರ್ಧ ದೋಣಿಗೂ ಬಲೆಗೂ, ಉಳಿದರ್ಧ ಎಂಟು ಜನಕ್ಕೆ,
ಒಬ್ಬನಿಗೆ ಹದಿನಾರರಲ್ಲಿ ಒಂದು.
ಸೀಮೆಸುಣ್ಣ ಆಗಲೇ ಅವಳ ಕೈಯಲ್ಲಿ.
ತಾಂಡೇಲನಿಗೆ ಎರಡು ಪಾಲು ಎಂದು ಕಿಟಕಿ ಕಡೆಯಿಂದ ಜಗಳ;
ಅಂಗೈಯಲ್ಲಿ ಒರೆಸಿ
ಹದಿನಾರನ್ನು ಹದಿನೆಂಟು ಮಾಡಿದಳು.

"ಮತ್ತೆ, ಹಗ್ಗ ಎಳೀಲಿಕ್ಕೆ ಹೋದ ಮಕ್ಕಳಿಗೆ
ಪಾಲಿಗೆ ಮೊದಲೇ ಒಂದು ಹಿಡಿ ತಾರ್ಲೆ ತೆಗೆದಿಡ್ತಾರೆ.
ಅದನ್ನ ಗೆರೆಯ ಮೇಲೆ ಬರೀಬೇಕಾ, ಕೆಳಗಾ?"

ಅಂಶವೋ, ಛೇದವೋ.
ಎರಡು ವರ್ಷ ಓದಿದ್ದನ್ನೆಲ್ಲ ತಡಕಾಡುತ್ತಿದ್ದೆ,
ಗಂಟೆ ಹೊಡೆಯಿತು.

ವೀಕ್ಷಕರ ಷರಾ:
ಪಾಠ ಯೋಜನೆಯಂತೆ ಸಾಗಲಿಲ್ಲ.
ಚಪಾತಿಯ ಚಿತ್ರ ಅಂದವಾಗಿದೆ.

ನಾಳೆ ಏಳಕ್ಕೇ ದಂಡೆಗೆ ಹೋಗಬೇಕು,
ಆ ಹಿಡಿ ಯಾರ ಕೈಯದು
ನೋಡಲಿಕ್ಕೆ.