ಬೆನ್ನಿನ ಜಿಪ್ಪು

ಲ್ಯೂಥರ್ ಪ್ರಿಡ್ಡಿಯ ಮುಖ ನೋಡಿದವರು ಕಡಿಮೆ,
ಬೆನ್ನು ನೋಡಿದವಳು ನಾನೊಬ್ಬಳೇ.
ಐವತ್ತೆಂಟರಿಂದ ಅರವತ್ತಮೂರರ ತನಕ
ಹನ್ನೊಂದು ಸಿನಿಮಾ, ಒಂದೇ ರಬ್ಬರ್ ಚರ್ಮ.
ಬಾಲ ಕಿತ್ತರೆ ಮಂಗಳ ಗ್ರಹದವನು,
ಬಾಲ ಹೊಲಿದರೆ ಕೆರೆಯವನು.
ಹೊಲಿದದ್ದೂ ಕಿತ್ತದ್ದೂ ಈ ಕೈ.

ಆರಡಿ ಏಳಂಗುಲದ ಆಳು.
ಬೇಕರ್ಸ್‌ಫೀಲ್ಡಿನಲ್ಲಿ ಹಾಲಿನ ಲಾರಿ ಓಡಿಸಿಕೊಂಡಿದ್ದವನನ್ನು
ಎತ್ತರ ನೋಡಿ ಕರೆತಂದರು.
ನಟನೆ ಬರುತ್ತದಾ ಅಂತ ಯಾರೂ ಕೇಳಲಿಲ್ಲ,
"ಉಸಿರು ಎಷ್ಟು ಹೊತ್ತು ಕಟ್ಟುತ್ತೀಯ?" ಅಂದರು.
ಹೆಸರಿನ ಪಟ್ಟಿಯಲ್ಲಿ ಒಮ್ಮೆ ಪ್ರೆಡಿ, ಒಮ್ಮೆ ಪಿಡ್ಡಿ,
ಉಳಿದಂತೆ ಮತ್ತಿತರರು.

ಮೃಗಕ್ಕೆ ಕಣ್ಣಿದ್ದವು, ಅವನಿಗಲ್ಲ:
ಪಿಂಗ್‌ಪಾಂಗ್ ಚೆಂಡು ಸೀಳಿ ಅಂಟಿಸಿದ್ದು.
ಅವನಿಗೆ ಲೋಕ ಕಾಣುತ್ತಿದ್ದದ್ದು ಮೃಗದ ಬಾಯಿಂದ,
ಅದಕ್ಕೇ ಬಾಯಿ ಸದಾ ಅರ್ಧ ತೆರೆದೇ ಇರುತ್ತಿತ್ತು.
ಪೇಪರಿನವನೊಬ್ಬ ಬರೆದ: "ಈ ಭೂತ
ಎಲ್ಲರನ್ನೂ ಬೆಪ್ಪಾಗಿ ನೋಡುತ್ತದೆ,
ಮದುವೆಮನೆ ತಪ್ಪಿ ಒಳಗೆ ಬಂದವನ ಹಾಗೆ."
ಲ್ಯೂಥರ್ ಅದನ್ನು ಕತ್ತರಿಸಿ ಪರ್ಸಿನಲ್ಲಿಟ್ಟುಕೊಂಡ.
ಅವನ ಬಗ್ಗೆ ಅಚ್ಚಾದದ್ದು ಅದೊಂದೇ.

ಸಾಯುವುದರಲ್ಲಿ ಪಳಗಿದ್ದ.
ಕರೆಂಟಿಗೆ ಸತ್ತ, ಡೈನಮೈಟಿಗೆ ಸತ್ತ,
ಒಮ್ಮೆ ಉಪ್ಪಿಗೆ. ಉಪ್ಪಲ್ಲ, ಮೈದಾ.
ಒದ್ದೆ ಹುರುಪೆಗಳ ಮೇಲೆ ಅದು ಕಣಕವಾಗಿ
ಸಂಜೆಯೆಲ್ಲ ಬಾಚಣಿಗೆಯಲ್ಲಿ ಕೆರೆದು ತೆಗೆದೆ.
ಒಳಗಿಂದ ಅವನು ನಗುತ್ತಿದ್ದ:
"ಹಾಗೇ ಬಿಡು, ಬಿಸಿಲಿಗೆ ಬೆಂದು ಬ್ರೆಡ್ಡಾಗಲಿ."

ಶಾಟ್ ಮುಗಿದರೆ ಬೂಟು ಬೋರಲು ಹಾಕುತ್ತಿದ್ದೆ,
ಒಂದೊಂದರಲ್ಲೂ ಒಂದೊಂದು ಚೊಂಬು ಬೆವರು.
ಯಾವಾಗಲೂ ಏನೋ ಗುನುಗುತ್ತಿದ್ದ ಒಳಗೆ,
ಅವನಮ್ಮನ ಇಗರ್ಜಿಯ ಹಾಡಿರಬೇಕು.
ಸೌಂಡಿನ ಎಲ್ಮೋ ಅದನ್ನು ಒರೆಸಿ
ಹಂದಿಯ ಕಿರುಚಾಟ ನಿಧಾನ ಮಾಡಿ ಕೂರಿಸಿದ.
ಹನ್ನೊಂದು ಸಿನಿಮಾದಲ್ಲಿ ಹುಡುಕಿ,
ಅವನದೊಂದು ಸೊಲ್ಲು ಸಿಗುವುದಿಲ್ಲ.

ಆ ದಿನದ ಮಾತು ಹೇಳಬೇಕು.
ಸಾಲ್ಟನ್ ಸರೋವರ, ಆಗಸ್ಟ್, ದಡದ ತುಂಬ ಸತ್ತ ಮೀನು,
ನಿಂತ ಕಾರಿನ ಹಿಡಿ ಮುಟ್ಟಿದರೆ ಬೊಬ್ಬೆ.
ಬಲಗೈ ಎತ್ತಿ ಮೂರು ಬೆರಳು ಬಿಚ್ಚಿದರೆ
ಜಿಪ್ಪು ತೆಗೆ ಅಂತ. ಅದು ನಮ್ಮಿಬ್ಬರ ಒಪ್ಪಂದ.
ಮೊಣಕಾಲುದ್ದ ನೀರಲ್ಲಿ ಅವನು ಬರುತ್ತಿದ್ದ,
ನಾನು ಕ್ಯಾಮೆರಾದ ಪಕ್ಕ, ಮಡಿಲಲ್ಲಿ ಒದ್ದೆ ಟವೆಲು.
ಕೈ ಎದ್ದಿತು.
ಮೂರು ಉಗುರು ಬಿಚ್ಚಿದವು.
ನಾನೂ ಎದ್ದೆ. ಡೈರೆಕ್ಟರ್ ತೋಳು ಹಿಡಿದು
"ಅಲ್ಲಾಡಬೇಡ" ಅಂದ, "ನೋಡು, ಇವತ್ತು
ಎಷ್ಟು ಚೆಂದ ಮಾಡುತ್ತಿದ್ದಾನೆ!"
ಕೂತೆ ನಾನು. ಹದಿನಾಲ್ಕು ಸೆಕೆಂಡು.
ಆ ಸಿನಿಮಾ ಮುಗಿದರೆ ಇನ್ನೊಂದಕ್ಕೂ ನನ್ನನ್ನೇ ಕರೆಯಬೇಕಿತ್ತಲ್ಲ.

ಫ್ರೆಸ್ನೋದ ಟಾಕೀಸಿನಲ್ಲಿ ಆ ಕೈಗೆ
ಜನ ಕಿಟಾರನೆ ಕಿರುಚಿದರು.
ಪೋಸ್ಟರಿಗೂ ಅದೇ ಕೈ.

ಬದುಕಿಕೊಂಡ. ಆಮೇಲೆ ಸ್ಕೂಲ್ ಬಸ್ಸು ಓಡಿಸಿದ.
ಕನ್ನಡಿಯಲ್ಲಿ ಹಿಂದಿನ ಮಕ್ಕಳನ್ನು ನೋಡುವಾಗ
ಬಾಯಿ ತಾನಾಗಿ ತೆರೆದುಕೊಳ್ಳುತ್ತಿತ್ತಂತೆ, ರೂಢಿ.
ನನ್ನನ್ನು ಒಂದು ದಿನವೂ ಕೇಳಲಿಲ್ಲ.

ಈಗಲೂ ಎಂದಾದರೊಂದು ನಡುರಾತ್ರಿ ಟಿವಿಯಲ್ಲಿ ಬರುತ್ತದೆ.
ಮೊಮ್ಮಗಳು ದಿಂಬಿಗೆ ಮುಖ ಒತ್ತಿಕೊಳ್ಳುತ್ತಾಳೆ.
ನೀರು ಸೀಳಿಕೊಂಡು ಬರುತ್ತಾನೆ, ಕೈ ಎತ್ತುತ್ತಾನೆ,
ನೋಡುವವರ ಕಡೆಗಲ್ಲ, ಸರಿಯಾಗಿ ಗಮನಿಸಿ,
ಅದಕ್ಕಿಂತ ತುಸು ಎಡಕ್ಕೆ, ಒಂದು ಗೇಣು ಕೆಳಗೆ,
ಟವೆಲು ಹಿಡಿದವಳೊಬ್ಬಳು ಕೂತಿದ್ದ ಕಡೆಗೆ.